ಒಂಬತ್ತು ಮೂಲೆಯ ಮಣೆ, ಹದಿನೆಂಟು ಓರೆ ಕೊಯ್ತ

ಹೋದ ವರ್ಷ ದಸರಾ ಮುಗಿದ ಮೇಲೆ ಅಮ್ಮ ಹಿತ್ತಲಲ್ಲಿ ಕೂತು ಹಿತ್ತಾಳೆ ದೀಪಗಳಿಗೆ ಹುಣಸೆಹಣ್ಣು ಹಾಕಿ ತಿಕ್ಕುತ್ತಿದ್ದರು. ತಲೆ ಎತ್ತದೆ ಹೇಳಿದರು: "ಮುಂದಿನ ಸಲಕ್ಕೆ ಈ ಒಂಬತ್ತಕ್ಕೂ ಸೇರಿ ಒಂದು ಮಣೆ ಮಾಡ್ಕೊಡೋ. ಒಂಬತ್ತು ಮೂಲೆ ಇರ್ಲಿ. ಮೂಲೆಗೊಂದು ದೀಪ ಇಡ್ತೀನಿ."

ಹ್ಞೂಂ ಅಂದುಬಿಟ್ಟೆ. ಆರು ಮೂಲೆಯ ಗಡಿಯಾರದ ಚೌಕಟ್ಟು, ಎಂಟು ಮೂಲೆಯ ಸ್ಟೂಲು ಎಲ್ಲ ಮಾಡಿದ ಕೈ. ಎಂಟಾದ ಮೇಲೆ ಒಂಬತ್ತು, ಅದರಲ್ಲೇನಿದೆ ಅನ್ನೋ ಧೈರ್ಯ. ಆ ಧೈರ್ಯ ಎಲ್ಲೆಲ್ಲಿ ಕೈಕೊಟ್ಟಿತು ಅಂತ ಬರೆದಿಡುತ್ತಿದ್ದೇನೆ, ಇನ್ಯಾರಾದರೂ ಈ ಕೆಲಸಕ್ಕೆ ಕೈ ಹಾಕಿದರೆ ಉಪಯೋಗಕ್ಕೆ ಬಂದೀತು. ಹಾಸನದ ನಮ್ಮ ಮನೆ ಹಿಂದಿನ ಶೀಟಿನ ಶೆಡ್ಡಿನಲ್ಲಿ ನಾಲ್ಕು ಭಾನುವಾರದ ಕೆಲಸ ಅಂದುಕೊಂಡಿದ್ದೆ. ಒಂಬತ್ತು ಭಾನುವಾರ ಹಿಡಿಯಿತು. ಬೇಕಂತಲೇ ಒಂಬತ್ತು ಮಾಡಿದ್ದಲ್ಲ.

ಲೆಕ್ಕ

ಮಧ್ಯದಿಂದ ಮೂಲೆಗೆ 225 ಮಿಲಿಮೀಟರ್ ಇಟ್ಟುಕೊಂಡೆ. ಒಂಬತ್ತು ಮರದ ತುಂಡು ಸೇರಿ ಬಳೆಯ ಹಾಗೆ ಒಂದು ಚೌಕಟ್ಟು. ಅದರ ಪಟ್ಟಿ 60 ಅಗಲ, 25 ದಪ್ಪ. ಕೆಳಗಡೆ 12 ಮಿಲಿಮೀಟರ್ ಪ್ಲೈವುಡ್ ಹಾಸು.

ಸುತ್ತಿನ 360 ಡಿಗ್ರಿಯನ್ನು ಒಂಬತ್ತು ಭಾಗ ಮಾಡಿದರೆ ಒಂದೊಂದು ತುಂಡಿಗೆ 40 ಬರುತ್ತದೆ. ಒಂದು ತುಂಡಿಗೆ ಎರಡು ತುದಿ, ಹಾಗಾಗಿ ತುದಿಗೆ 20 ಡಿಗ್ರಿ ಓರೆ. ಒಟ್ಟು ಹದಿನೆಂಟು ಕೊಯ್ತ. ಒಂದು ಬದಿಯ ಉದ್ದ ಬೇಕಾದರೆ 450ನ್ನು ಸೈನ್ 20ರಿಂದ ಗುಣಿಸಬೇಕು, 153.9 ಬರುತ್ತದೆ. ಸೇರಿಸಿದ ಮೇಲೆ ಒಳಗಡೆ ಪ್ರತಿ ಮೂಲೆಯೂ 140 ಡಿಗ್ರಿ.

ಈ 140 ಕೇಳಿದ್ದೇ ಚಿಕ್ಕಪ್ಪನಿಗೆ ಖುಷಿಯೋ ಖುಷಿ. ಒಂಬತ್ತು ಮೂಲೆ ಕೂಡಿದರೆ 1260, ಅದರ ಅಂಕಿ ಕೂಡಿದರೆ ಒಂಬತ್ತು! "ನೋಡ್ದೇನೋ, ಸಂಖ್ಯೆಯ ಮಹಿಮೆ" ಅಂದರು. ನಾನು ಸುಮ್ನಿರಬೇಕಿತ್ತು. ತ್ರಿಭುಜದ ಕೋನ ಕೂಡಿದರೆ 180, ಅದರ ಅಂಕಿಯೂ ಒಂಬತ್ತು. ಚೌಕದ್ದು 360, ಅದೂ ಒಂಬತ್ತು. ಐದು ಮೂಲೆಯದ್ದು 540, ಅದೂ ಅಷ್ಟೇ. 180 ಅನ್ನುವುದೇ ಒಂಬತ್ತರ ಮಗ್ಗಿಯಲ್ಲಿದೆ, ಎಷ್ಟು ಮೂಲೆಯ ಆಕಾರ ತಗೊಂಡರೂ ಅಂಕಿ ಕೂಡುತ್ತಾ ಹೋದರೆ ಕೊನೆಗೆ ಒಂಬತ್ತೇ ಬರುತ್ತದೆ ಅಂದೆ. ಚಿಕ್ಕಪ್ಪ ಕಾಫಿ ಲೋಟ ಕೆಳಗಿಟ್ಟು ಎದ್ದು ಹೋದರು. ಮುಂದಿನ ಎರಡು ಭಾನುವಾರ ಶೆಡ್ಡಿನ ಕಡೆ ತಲೆ ಹಾಕಲಿಲ್ಲ.

ಗೆರೆ ಎಳೆಯುವುದರಲ್ಲೇ ಸೋತಿದ್ದು

ಮರ ಕೊಯ್ಯುವ ಮೊದಲು ಪ್ಲೈವುಡ್ ಮೇಲೆ ನಿಜವಾದ ಅಳತೆಯಲ್ಲೇ ಚಿತ್ರ ಬರೆದುಕೊಳ್ಳುವುದು ನನ್ನ ಅಭ್ಯಾಸ. ಮೊಳೆ ಹೊಡೆದು, ದಾರ ಕಟ್ಟಿ, ಪೆನ್ಸಿಲ್ ತಿರುಗಿಸಿ ವೃತ್ತ ಎಳೆದೆ. ಅದೇ ದಾರದ ಅಳತೆಯನ್ನು ಅಂಚಿನ ಮೇಲೆ ಹೆಜ್ಜೆ ಹಾಕಿಸಿದರೆ ಸರಿಯಾಗಿ ಆರು ಹೆಜ್ಜೆ. ಒಂದು ಬಿಟ್ಟು ಒಂದು ಸೇರಿಸಿದರೆ ಮೂರು ಮೂಲೆಯ ತ್ರಿಕೋನ. ಇಲ್ಲಿಯವರೆಗೆ ಹೈಸ್ಕೂಲ್ ಪಾಠ.

ಈಗ ಆ ಮೂರು ಭಾಗದಲ್ಲಿ ಒಂದೊಂದನ್ನೂ ಮತ್ತೆ ಮೂರು ಮಾಡಬೇಕು. ಕೈವಾರದಲ್ಲಿ ಎರಡು ಮಾಡಬಹುದು, ನಾಲ್ಕು ಮಾಡಬಹುದು, ಮೂರು ಬರುವುದಿಲ್ಲ. ಒಂದು ಗಂಟೆ ಗುದ್ದಾಡಿದ ಮೇಲೆ ಕೂತು ಓದಿದೆ. ನನ್ನ ಕೈಯ ತಪ್ಪಲ್ಲವಂತೆ. ಬರೀ ಕೈವಾರ ಮತ್ತು ಗುರುತಿಲ್ಲದ ಅಳತೆಪಟ್ಟಿಯಲ್ಲಿ 60 ಡಿಗ್ರಿಯನ್ನು, ಹಾಗಾಗಿ ಅದರ ಎರಡರಷ್ಟಾದ ನನ್ನ 120ನ್ನೂ, ಮೂರು ಸಮಭಾಗ ಮಾಡಲು ಆಗುವುದೇ ಇಲ್ಲ ಅಂತ ಫ್ರಾನ್ಸಿನ ಗಣಿತಜ್ಞ ಪಿಯೆರ್ ವಾಂಟ್ಸೆಲ್ 1837ರಲ್ಲೇ ಸಾಧಿಸಿ ತೋರಿಸಿದ್ದಾನೆ. ತಮಾಷೆ ಅಂದರೆ 17 ಮೂಲೆಯದ್ದು ಬರುತ್ತದೆ. ಅದನ್ನು 1796ರಲ್ಲಿ, ಇನ್ನೂ ಹತ್ತೊಂಬತ್ತು ತುಂಬದ ಜರ್ಮನಿಯ ಗಣಿತಜ್ಞ ಗೌಸ್ ಕಂಡುಹಿಡಿದ. 3 ಬರುತ್ತದೆ, 5 ಬರುತ್ತದೆ, ಎರಡನ್ನೂ ಸೇರಿಸಿ 15 ಕೂಡ ಬರುತ್ತದೆ. ಆದರೆ ಒಂಬತ್ತರಲ್ಲಿ ಮೂರು ಎರಡು ಸಲ ಬಂತಲ್ಲ, ಅಲ್ಲೇ ಎಡವಟ್ಟು. ಮೂರನ್ನು ಒಂದು ಸಲ ಮಾತ್ರ ಬಳಸಲು ಕೈವಾರ ಬಿಡುತ್ತದೆ.

ಪಕ್ಕದ ಬೀದಿಯ ಆಚಾರ್ರು ಉಳಿ ಮಸೆಯುವ ಕಲ್ಲು ವಾಪಸ್ ಕೇಳಲು ಬಂದಿದ್ದರು. ಅವರಿಗೆ ಇದನ್ನೆಲ್ಲ ಹೇಳಿದೆ.

"ಆಗಲ್ಲ ಅಂತ ಯಾರಪ್ಪಾ ಹೇಳ್ದೋರು?"

"ಫ್ರಾನ್ಸಿನೋರು ಆಚಾರ್ರೇ. ಹೆಚ್ಚುಕಮ್ಮಿ ಇನ್ನೂರು ವರ್ಷದ ಹಿಂದೆ."

"ಅವರ ಮನೇಲಿ ದಾರ ಇರ್ಲಿಲ್ವಾ?"

ಹಳೇ ಕ್ಯಾಲೆಂಡರಿನ ಹಾಳೆಯನ್ನು ಉದ್ದುದ್ದ ಕತ್ತರಿಸಿ ಅಂಟಿಸಿ ಒಂದು ಪಟ್ಟಿ ಮಾಡಿಸಿದರು. ಪ್ಲೈವುಡ್ಡನ್ನು ಗೆರೆಯ ಮೇಲೇ ದುಂಡಗೆ ಕೊಯ್ಯಿಸಿದರು. ಅದರ ಅಂಚಿಗೆ ಪಟ್ಟಿ ಸುತ್ತಿ, ತುದಿ ಸೇರುವ ಕಡೆ ಬ್ಲೇಡಿನಲ್ಲಿ ಕತ್ತರಿಸಿದರು. ಬಿಚ್ಚಿದರೆ 1414 ಮಿಲಿಮೀಟರ್ ಉದ್ದದ ಕಾಗದ. ಅದನ್ನು ಸೀರೆ ಮಡಿಸುವ ಹಾಗೆ ಮೂರು ಮಡಿಕೆ ಮಾಡಿ, ಅಂಚುಗಳು ಒಂದರ ಮೇಲೊಂದು ಕೂರುವ ತನಕ ಸರಿಸಿ, ಉಗುರಿನಲ್ಲಿ ಒತ್ತಿದರು. ಮತ್ತೆ ಮೂರು ಮಡಿಕೆ. ಬಿಚ್ಚಿ ವಾಪಸ್ ಅಂಚಿಗೆ ಸುತ್ತಿ, ಮಡಿಕೆ ಇದ್ದಲ್ಲೆಲ್ಲ ಪೆನ್ಸಿಲ್ ಗುರುತು. ಗುರುತಿನಿಂದ ಗುರುತಿಗೆ ನೇರ ಅಳೆದೆ. 154. ನನ್ನ ಲೆಕ್ಕದಲ್ಲಿ 153.9.

ವಾಂಟ್ಸೆಲ್ ಹೇಳಿದ್ದೂ ಸುಳ್ಳಲ್ಲ. ಕೈವಾರ, ಪಟ್ಟಿ ಎರಡೇ ಇಟ್ಟುಕೊಂಡರೆ ಅಂತ ಅವನ ಷರತ್ತು. ಆಚಾರ್ರಿಗೆ ಆ ಷರತ್ತು ಗೊತ್ತಿಲ್ಲ, ಅಷ್ಟೇ.

ಮರ ಒಣಗುವ ತನಕ ಒಂದು ಸುತ್ತು

ಹಲಗೆ ತಂದಿದ್ದು ಸಕಲೇಶಪುರ ಕಡೆಯ ಸಾಮಿಲ್ಲಿನಿಂದ. ಸಿಲ್ವರ್ ಮರ. ಕಾಫಿ ತೋಟದಲ್ಲಿ ನೆರಳಿಗೆ, ಮೆಣಸಿನ ಬಳ್ಳಿ ಹಬ್ಬಿಸಲು ಹಾಕಿರುತ್ತಾರಲ್ಲ, ಅದೇ. ಆಸ್ಟ್ರೇಲಿಯಾದಿಂದ ಬಂದ ಮರ, ಈಗ ನಮ್ಮ ಕಡೆಯದ್ದೇ ಅನ್ನುವಷ್ಟು ಬಳಕೆ. ಸಾಗುವಾನಿಗಿಂತ ಎಷ್ಟೋ ಅಗ್ಗ, ಗರಗಸಕ್ಕೆ ಮೆತ್ತಗೆ. ಹಲಗೆಯಲ್ಲಿ ಕಾಣುವ ಚುಕ್ಕೆ ಚುಕ್ಕೆ ಹೊಳಪು ನನಗೆ ಇಷ್ಟ. ಹಸಿ ಇದ್ದರೆ ಮಾತ್ರ ಸೊಟ್ಟಗಾಗುತ್ತದೆ. ಅದಕ್ಕೇ ಅಟ್ಟದ ಮೇಲೆ ರೀಪರ್ ತುಂಡು ಕೊಟ್ಟು ಮಲಗಿಸಿ, ಅದು ಒಣಗುವಷ್ಟರಲ್ಲಿ ಒಂದು ಮಾದರಿ ಸಿಕ್ಕೀತಾ ಅಂತ ಬೈಕ್ ಹತ್ತಿದೆ. ಇಷ್ಟೊಂದು ಹೊಯ್ಸಳ ಗುಡಿಗಳ ಮಧ್ಯೆ ಇದ್ದು ಒಂಬತ್ತು ಮೂಲೆಯ ಆಕಾರ ಒಂದಾದರೂ ಸಿಗದೆ ಇರುತ್ತಾ?

ಮೊದಲು ದೊಡ್ಡಗದ್ದವಳ್ಳಿ. ನಾಲ್ಕು ಗರ್ಭಗುಡಿಯ ಲಕ್ಷ್ಮೀದೇವಿ ದೇವಸ್ಥಾನ. ನಡುವಿನ ಮಂಟಪ, ಅಂದರೆ ನವರಂಗದಲ್ಲಿ ನಿಂತು ತಲೆ ಎತ್ತಿ ನೋಡಿದೆ. ಹೆಸರಿನಲ್ಲೇ ನವ ಇದೆ, ಆದರೆ ಇರುವುದು ಚೌಕ. ನಡುವೆ ನಾಲ್ಕು ಕಂಬ. ಆ ನಾಲ್ಕು ಕಂಬ ಛಾವಣಿಯನ್ನು ಮೂರು ಸಾಲು, ಸಾಲಿಗೆ ಮೂರು ಅಂಕಣ ಅಂತ ಹಂಚುತ್ತವೆ. ಒಂಬತ್ತು ಮನೆ. ಹೊರಗಿನ ಮೂಲೆ ಮಾತ್ರ ನಾಲ್ಕೇ.

ಅಲ್ಲಿಂದ ಹಳೇಬೀಡು. ಗುಡಿ ನಿಂತಿರುವ ಕಟ್ಟೆ, ಜಗತಿಯ ಅಂಚಿನ ಮೂಲೆಗಳನ್ನು ಎಣಿಸುತ್ತಾ ಸುತ್ತು ಹಾಕಿದೆ. ಕಾವಲಿನವರು ಒಂಥರಾ ನೋಡಿದರು. ಗರ್ಭಗುಡಿಯ ನಕ್ಷತ್ರಕ್ಕೆ ಹದಿನಾರು ಮೂಲೆಯ ಲೆಕ್ಕ. ಒಂದು ಚೌಕವನ್ನು ಅದರ ಮಧ್ಯದ ಮೇಲೇ 22.5 ಡಿಗ್ರಿಯಂತೆ ತಿರುಗಿಸುತ್ತಾ ಹೋದರೆ ನಾಲ್ಕು ಚೌಕಕ್ಕೆ ಹದಿನಾರು ಮೂಲೆ. 90ರ ಅರ್ಧದ ಅರ್ಧ 22.5. ಅರ್ಧ ಮಾಡುವುದು ಹಗ್ಗಕ್ಕೂ ಗೂಟಕ್ಕೂ ಸಲೀಸು. ಆದರೆ ಚೌಕ ತಿರುಗಿಸಿದರೆ ನಾಲ್ಕರ ಮಗ್ಗಿ ಬಿಟ್ಟು ಬೇರೆ ಬರುವುದಿಲ್ಲ. ಎಂಟು, ಹನ್ನೆರಡು, ಹದಿನಾರು. ಒಂಬತ್ತು ಎಲ್ಲಿಂದ ಬರಬೇಕು?

ವಾಪಸ್ ಬರುತ್ತಾ ಉಳಿದದ್ದನ್ನೂ ನೆನೆಸಿಕೊಂಡೆ. ನವಗ್ರಹಗಳ ಕಟ್ಟೆಯೂ ಚೌಕವೇ, ಸೂರ್ಯ ನಡುವೆ, ಮೂರು ಮೂರರ ಸಾಲು. ಶ್ರೀಚಕ್ರದಲ್ಲಿ ಒಂಬತ್ತು ತ್ರಿಕೋನ ಇದೆ, ಮೇಲ್ಮುಖದ ನಾಲ್ಕು ಶಿವ, ಕೆಳಮುಖದ ಐದು ಶಕ್ತಿ. ಅವು ಒಂದನ್ನೊಂದು ಕತ್ತರಿಸಿ 43 ಸಣ್ಣ ತ್ರಿಕೋನ ಆಗುತ್ತದೆ, ಆವರಣವೂ ಒಂಬತ್ತು. ಆದರೂ ಎಲ್ಲಕ್ಕೂ ಹೊರಗಿನ ಆವರಣ, ಭೂಪುರ, ಚೌಕವೇ. ನಾನು ನೋಡಿದಷ್ಟರಲ್ಲಿ ನಮ್ಮವರು ಒಂಬತ್ತನ್ನು ಎಲ್ಲ ಕಡೆ ಕೂರಿಸಿದ್ದಾರೆ, ಒಂಬತ್ತು ಮೂಲೆ ಮಾತ್ರ ಮಾಡಿಲ್ಲ. ಮೂರು ಸಲ ಮೂರು ಅಂತಲೇ ಹಾಕಿದ್ದಾರೆ.

ನಿಜವಾಗಿ ಒಂಬತ್ತು ಬದಿ ಇರುವ ಕಟ್ಟಡ ನನಗೆ ನೆನಪಾಗಿದ್ದು ದೆಹಲಿಯದ್ದು, 1986ರ ಕಮಲ ಮಂದಿರ. ಬಹಾಯಿ ಧರ್ಮದವರ ಪ್ರಾರ್ಥನಾ ಮಂದಿರ ಎಲ್ಲಿದ್ದರೂ ಒಂಬತ್ತು ಬದಿ ಇರಲೇಬೇಕು. ಅವರಿಗೆ ಒಂಬತ್ತು ಅಂದರೆ ಪೂರ್ಣತೆ, ಒಂಟಿ ಅಂಕಿಗಳಲ್ಲಿ ಅದೇ ದೊಡ್ಡದು. 'ಬಹಾ' ಅನ್ನುವ ಪದದ ಅರಬ್ಬೀ ಅಕ್ಷರಗಳ ಬೆಲೆ ಕೂಡಿದರೂ ಒಂಬತ್ತೇ. ಆದರೆ ಅಲ್ಲೂ ದಳಗಳು 27, ಮೂರು ಮೂರರ ಗುಂಪು. ಈ ಮೂರು ಆಮೇಲೆ ನನ್ನ ಕೈ ಹಿಡಿಯಿತು. ಆಗ ಗೊತ್ತಾಗಲಿಲ್ಲ.

ಮೂರೂವರೆ ಸೆಂಟಿಮೀಟರ್

ಒಳ್ಳೇ ಹಲಗೆಗೆ ಕೈ ಹಾಕುವ ಮೊದಲು ಹಳೇ ರೀಪರಿನಲ್ಲಿ ಒಂದು ಸಲ ಮಾಡಿ ನೋಡಿದೆ. ಮಗಳ ಜಾಮಿಟ್ರಿ ಬಾಕ್ಸಿನ ಕೋನಮಾಪಕ ಇಟ್ಟು 20 ಗುರುತು ಹಾಕಿ, ಮರದ ಉದ್ದನೆಯ ಪೆಟ್ಟಿಗೆಯೊಂದರಲ್ಲಿ ಗರಗಸ ಆಡುವ ಗಾಡಿ, ಅಂದರೆ ಓರೆ ಸೀಳು, ಕೊಯ್ದೆ. ಅದರಲ್ಲಿ ಹದಿನೆಂಟು ಓರೆ. ನೆಲದ ಮೇಲೆ ಜೋಡಿಸಿದೆ. ಎಂಟು ಸಂದು ಮುಚ್ಚಿತು. ಒಂಬತ್ತನೆಯದರಲ್ಲಿ ನನ್ನ ಎರಡು ಬೆರಳು ಹೋಗುವಷ್ಟು ಬಾಯಿ. ಅಳೆದರೆ 35 ಮಿಲಿಮೀಟರ್.

ಲೆಕ್ಕ ಹಾಕಿದರೆ ಸರಿಯಾಗೇ ಇದೆ. ಒಂದು ಕೊಯ್ತದಲ್ಲಿ ಅರ್ಧ ಡಿಗ್ರಿ ಕಮ್ಮಿ. ಆ ಪ್ಲಾಸ್ಟಿಕ್ ಕೋನಮಾಪಕದಲ್ಲಿ ಅರ್ಧ ಡಿಗ್ರಿ ಅಂದರೆ ಪೆನ್ಸಿಲ್ ಗೆರೆಯ ದಪ್ಪ. ಹದಿನೆಂಟು ಸಲ ಅರ್ಧ ಅಂದರೆ ಒಂಬತ್ತು ಡಿಗ್ರಿ. 225 ಮಿಲಿಮೀಟರ್ ದೂರದಲ್ಲಿ ಒಂಬತ್ತು ಡಿಗ್ರಿ ಅಂದರೆ 35. ಚೌಕದ ಫ್ರೇಮಿನಲ್ಲಿ ಎಂಟೇ ಕೊಯ್ತ, ತಪ್ಪಿದರೂ ಫೆವಿಕಾಲು ಮತ್ತು ಮರದ ಪುಡಿಯಲ್ಲಿ ಮುಚ್ಚಿಬಿಡಬಹುದು. ಇಲ್ಲಿ ತಪ್ಪು ಚಕ್ರಬಡ್ಡಿಯಂತೆ ಬಂದು ಕೊನೇ ಸಂದಿಯಲ್ಲಿ ಕೂರುತ್ತದೆ.

ಕೋನಮಾಪಕ ಬಿಟ್ಟೆ. ಇದನ್ನು ಮಾಡುವವರು ಈ ಎರಡು ಅಂಕಿ ಬರೆದಿಟ್ಟುಕೊಳ್ಳಿ: 250ಕ್ಕೆ 91. ಹಲಗೆಯ ಮೇಲೆ ನೇರ 250 ಮಿಲಿಮೀಟರ್ ಗೆರೆ ಎಳೆದು, ತುದಿಯಲ್ಲಿ ಮೂಲೆಮಟ್ಟ ಇಟ್ಟು 91 ಮೇಲಕ್ಕೆ ಹೋಗಿ, ಎರಡು ತುದಿ ಸೇರಿಸಿದರೆ 20 ಡಿಗ್ರಿ. ವ್ಯತ್ಯಾಸ ಒಂದು ಡಿಗ್ರಿಯ ಐನೂರರಲ್ಲಿ ಒಂದು ಭಾಗ ಇದ್ದರೆ ಹೆಚ್ಚು. ಈ ಗೆರೆಗೆ ಹೊಸ ಗಾಡಿ ಕೊಯ್ದೆ. ಸಿಲ್ವರ್ ಹಲಗೆ ಐದು ಅಡಿ. ಒಂದು ಕೊಯ್ತ ಆದ ಮೇಲೆ ಹಲಗೆಯನ್ನು ಮಗುಚಿ ಹಾಕಿ ಇನ್ನೊಂದು, ಮತ್ತೆ ಮಗುಚಿ ಇನ್ನೊಂದು. ಹಾಗೆ ಮಾಡಿದರೆ ಒಂದು ತುಂಡಿನ ಓರೆಯೇ ಪಕ್ಕದ ತುಂಡಿನ ಓರೆ, ಮರ ಹಾಳಾಗುವುದಿಲ್ಲ. ಒಂಬತ್ತು ತುಂಡು ಬಂದು ಇನ್ನೊಂದಕ್ಕೂ ಆಗುವಷ್ಟು ಮಿಕ್ಕಿತು. ಹತ್ತನೆಯದೂ ಕೊಯ್ದಿಟ್ಟೆ. ಅದು ಈಗ ಅಡುಗೆಮನೆಯಲ್ಲಿ ಬಿಸಿ ಪಾತ್ರೆ ಇಡುವುದಕ್ಕಿದೆ.

ಎರಡನೇ ಸಲ ಜೋಡಿಸಿದಾಗ ಬಾಯಿ 4 ಮಿಲಿಮೀಟರಿಗೆ ಇಳಿದಿತ್ತು. ಒಟ್ಟು ಒಂದು ಡಿಗ್ರಿ. ಕೈಗರಗಸದಲ್ಲಿ ಇದಕ್ಕಿಂತ ಚೆನ್ನಾಗಿ ನನಗೆ ಬರುವುದಿಲ್ಲ ಅಂತ ಒಪ್ಪಿಕೊಂಡೆ.

ಎಂಟು ಮೂಲೆಯದ್ದಕ್ಕೆ ಒಂದು ಉಪಾಯ ಇದೆ. ನಾಲ್ಕು ನಾಲ್ಕು ಅಂಟಿಸಿ ಎರಡು ಅರ್ಧ ಮಾಡಿ, ಆ ಅರ್ಧಗಳ ತುದಿಯನ್ನು ಒಂದೇ ಸಮ ಉಜ್ಜಿ ಸೇರಿಸುವುದು. ಎಲ್ಲ ತಪ್ಪೂ ಅಲ್ಲೇ ತೀರುತ್ತದೆ. ಒಂಬತ್ತಕ್ಕೆ ಅರ್ಧವೇ ಇಲ್ಲ. ನಾಲ್ಕು ಮತ್ತು ಐದು ಅಂದರೆ ಎರಡೂ ನೇರ ಬರುವುದಿಲ್ಲ. ಇದೇ ಯೋಚನೆಯಲ್ಲಿ ಬುಧವಾರ ರಾತ್ರಿ ಊಟಕ್ಕೆ ಕೂತಿದ್ದಾಗ ದೊಡ್ಡಗದ್ದವಳ್ಳಿಯ ಛಾವಣಿ ನೆನಪಾಯಿತು. ಅರ್ಧ ಇಲ್ಲದಿದ್ದರೆ ಏನಂತೆ, ಮೂರು ಮೂರು ಮಾಡಬಹುದಲ್ಲ!

ಮೂರು ತುಂಡು ಸೇರಿದರೆ 120 ಡಿಗ್ರಿ. 20 ಬರೆಯಲು ಒದ್ದಾಡಿಸಿದ ಕೈವಾರಕ್ಕೆ 120 ನೀರು ಕುಡಿದಷ್ಟು ಸಲೀಸು, ಆರು ಹೆಜ್ಜೆಯಲ್ಲಿ ಎರಡು ಹೆಜ್ಜೆ. ಪ್ಲೈವುಡ್ ಮೇಲೆ ಮಧ್ಯದಿಂದ ಮೂರು ಗೆರೆ ಎಳೆದೆ. ಮೂರು ಮೂರು ತುಂಡು ಅಂಟಿಸಿ ಮೂರು ಬಿಲ್ಲು ಮಾಡಿಕೊಂಡೆ. ಒಂದು ಬಿಲ್ಲನ್ನು ಎರಡು ಗೆರೆಯ ನಡುವೆ ಇಟ್ಟರೆ ತುದಿಗಳು ಗೆರೆಗೆ ಕೂದಲೆಳೆಯಷ್ಟು ಸೇರುತ್ತಿರಲಿಲ್ಲ. ಗ್ರಾನೈಟ್ ಚೂರಿಗೆ ಸ್ಯಾಂಡ್ ಪೇಪರ್ ಅಂಟಿಸಿ, ತುದಿಯ ಒಳಭಾಗ ಸ್ವಲ್ಪ ಜಾಸ್ತಿ ಉಜ್ಜುತ್ತಾ, ಇಟ್ಟು ನೋಡುತ್ತಾ, ಮತ್ತೆ ಉಜ್ಜುತ್ತಾ ಕೂತೆ. ಬಿಲ್ಲಿನ ತುದಿಯಿಂದ ತುದಿಗೆ ಟೇಪ್ ಹಿಡಿದರೆ 390 ಬರಬೇಕು. ಮೂರಕ್ಕೂ ಬಂತು. ಮೂರನ್ನೂ ಒಟ್ಟಿಗೆ ಇಟ್ಟಾಗ ಸಂದಿನಲ್ಲಿ ಕಾಗದ ತೂರಲಿಲ್ಲ.

ಬಿಗಿಯುವುದು

ಫೆವಿಕಾಲ್ ಹಚ್ಚಿ ಕ್ಲ್ಯಾಂಪ್ ಎತ್ತಿಕೊಂಡ ಮೇಲೆ ಹೊಳೆಯಿತು, ಇದಕ್ಕೆ ಕ್ಲ್ಯಾಂಪ್ ಹಾಕುವುದು ಎಲ್ಲಿಗೆ? ಒಂಬತ್ತರಲ್ಲಿ ಒಂದು ಬದಿಗೆ ಎದುರು ಬದಿ ಇರುವುದಿಲ್ಲ, ಮೂಲೆ ಇರುತ್ತದೆ. ಒಂದು ಕಡೆ ಹಿಡಿದರೆ ಇನ್ನೊಂದು ಕಡೆ ಜಾರುತ್ತದೆ. ಅಂಟು ಒಣಗುತ್ತಿದೆ, ಕೈ ನಡುಗುತ್ತಿದೆ. ಮಗಳು ಓಡಿ ಹೋಗಿ ಸೈಕಲ್ಲಿನ ಹಳೇ ಟ್ಯೂಬ್ ತಂದಳು. ಸೀಳಿ ಪಟ್ಟಿ ಮಾಡಿ, ಎಳೆದೆಳೆದು ಏಳು ಸುತ್ತು ಸುತ್ತಿದೆವು. ಮೂಲೆ ಎಷ್ಟಿದ್ದರೂ ಟ್ಯೂಬಿಗೆ ಒಂದೇ. ನಿಜ ಹೇಳಬೇಕೆಂದರೆ ಇದು ಕ್ಲ್ಯಾಂಪಿಗಿಂತ ವಾಸಿ.

ಮಾರನೇ ದಿನ ಬಿಚ್ಚಿ ಅಳತೆ ನೋಡಿದೆ. ಇದಕ್ಕೆ ಕ್ಯಾಲ್ಕುಲೇಟರ್ ಬೇಡ. ಒಂದು ಮೂಲೆಯಿಂದ ಒಂದು ಮೂಲೆ ಬಿಟ್ಟು ಮುಂದಿನದಕ್ಕೆ ಅಳೆದರೆ ಸಣ್ಣ ಕರ್ಣ. ಅದೇ ಮೂಲೆಯಿಂದ ಎಲ್ಲಕ್ಕಿಂತ ದೂರದ್ದಕ್ಕೆ ಅಳೆದರೆ ದೊಡ್ಡ ಕರ್ಣ. ಸಣ್ಣದಕ್ಕೆ ಒಂದು ಬದಿ ಕೂಡಿದರೆ ಸರಿಯಾಗಿ ದೊಡ್ಡದು ಬರಬೇಕು. ಒಂಬತ್ತು ಸಮ ಬದಿಯ ಆಕಾರ ಎಷ್ಟೇ ದೊಡ್ಡದಿರಲಿ ಇದು ತಪ್ಪುವುದಿಲ್ಲ. ನನ್ನದರಲ್ಲಿ 289 ಮತ್ತು 154 ಸೇರಿ 443. ದೊಡ್ಡ ಕರ್ಣ 443, ಒಂದು ಕಡೆ ಮಾತ್ರ 442. ಆ ಮೂಲೆಯನ್ನು ಯಾರಿಗೂ ತೋರಿಸಿಲ್ಲ.

ಓರೆ ಸಂದಿಗೆ ಬರೀ ಅಂಟು ಸಾಲದು, ಮರದ ಅಡ್ಡತುದಿ ಅಂಟನ್ನು ಕುಡಿದುಬಿಡುತ್ತದೆ. ಅದಕ್ಕೇ ಕೆಳಗಿನ ಪ್ಲೈವುಡ್ಡಿಗೆ ತುಂಡಿಗೆರಡು ಸ್ಕ್ರೂ.

ನಡುವಿನ ಚಿತ್ರ

ನಡುವೆ ಶ್ರೀಚಕ್ರ ಬರೆಯಲಾ ಅಂತ ಕೇಳಿದೆ. "ಅದಕ್ಕೆಲ್ಲ ನೇಮ ಇದೆ, ಸುಮ್ನೆ ಬರೀಬಾರ್ದು" ಅಂತ ಅಮ್ಮ ತಳ್ಳಿಹಾಕಿದರು. ಹಾಗಾಗಿ ಒಂಬತ್ತು ಮೂಲೆಯ ನಕ್ಷತ್ರವನ್ನೇ ಬರೆಯೋಣ ಅಂತ ಕಾಗದದ ಮೇಲೆ ಪ್ರಯತ್ನ ಮಾಡಿದೆ. ಎರಡನೇ ಚುಕ್ಕಿಗೆ ಹಾರುತ್ತಾ ಹೋದರೆ ಪೆನ್ಸಿಲ್ ಎತ್ತದೆ ಒಂದು ನಕ್ಷತ್ರ ಬರುತ್ತದೆ, ಮೊಂಡು ಮೂಲೆಯದ್ದು. ನಾಲ್ಕನೇ ಚುಕ್ಕಿಗೆ ಹಾರಿದರೆ ಮುಳ್ಳಿನಂಥ ಚೂಪು, ಅದೂ ಒಂದೇ ಗೆರೆ. ಮೂರನೇ ಚುಕ್ಕಿಗೆ ಹಾರಿದರೆ ಗೆರೆ ಮೂರೇ ಹೆಜ್ಜೆಗೆ ಹೊರಟಲ್ಲಿಗೇ ಬಂದು ನಿಲ್ಲುತ್ತದೆ. ಪೆನ್ಸಿಲ್ ಎತ್ತಿ ಮತ್ತೆ ಶುರು ಮಾಡಬೇಕು. ಒಂದರೊಳಗೊಂದು ಹೆಣೆದ ಮೂರು ಬೇರೆ ಬೇರೆ ತ್ರಿಕೋನ.

ಮೂರೂ ಹಾಳೆಯನ್ನು ಅಮ್ಮನ ಮುಂದೆ ಇಟ್ಟೆ. ಕನ್ನಡಕ ಹಾಕಿಕೊಂಡು ನೋಡಿ ಮೂರು ತ್ರಿಕೋನದ್ದರ ಮೇಲೆ ಬೆರಳಿಟ್ಟರು. "ಮೊದಲ ಮೂರು ದಿನ ದುರ್ಗೆದು, ಆಮೇಲೆ ಮೂರು ಲಕ್ಷ್ಮೀದು, ಕೊನೇ ಮೂರು ಸರಸ್ವತೀದು. ಇದು ಸರಿಯಾಗಿದೆ." ಸೋಲ್ಡರಿಂಗ್ ಕಡ್ಡಿ ಬಿಸಿ ಮಾಡಿ ಗೆರೆಗಳನ್ನು ಸುಟ್ಟೆ. ಒಂದು ಕಡೆ ಕೈ ತಡೆದು ಗೆರೆ ದಪ್ಪ ಆಗಿದೆ.

ಕಾಲು

ಮೂರರ ಮೇಲೆ ನಂಬಿಕೆ ಬಂದುಬಿಟ್ಟಿತ್ತಲ್ಲ, ಮೂರೇ ಕಾಲು ಹಾಕಿದೆ. ಮೂರು ಕಾಲಿನದ್ದು ಎಂಥ ನೆಲದಲ್ಲೂ ಅಲ್ಲಾಡುವುದಿಲ್ಲ. ಪಾಡ್ಯದ ಹಿಂದಿನ ಸಂಜೆ ಅಮ್ಮ ಮಣೆಯ ಅಂಚಿಗೆ ಕೈ ಊರಿ ಏಳಲು ಹೋದರು. ಎರಡು ಕಾಲಿನ ನಡುವಿನ ಮೂಲೆ ಅದು. ಇಡೀ ಮಣೆ ಮಗುಚಿಕೊಂಡು ಒಂಬತ್ತು ದೀಪವೂ ನೆಲಕ್ಕೆ. ಪುಣ್ಯಕ್ಕೆ ಎಣ್ಣೆ ಹಾಕಿರಲಿಲ್ಲ. ಅಮ್ಮ ಏನೂ ಅನ್ನಲಿಲ್ಲ, ದೀಪಗಳನ್ನು ಒಂದೊಂದಾಗಿ ಎತ್ತಿ ಸೆರಗಿನಲ್ಲಿ ಒರೆಸಿದರು. ಬೈದಿದ್ದರೆ ವಾಸಿ ಇತ್ತು.

ರಾತ್ರಿಯೇ ಉಳಿದ ಆರು ಮೂಲೆಯ ಕೆಳಗೂ ಸಣ್ಣ ಗುಬುಟು ಕೂರಿಸಿದೆ, ಕಾಲಿಗಿಂತ 2 ಮಿಲಿಮೀಟರ್ ಗಿಡ್ಡ. ನೆಲ ಮುಟ್ಟುವುದು ಮೂರೇ. ವಾಲಿದರೆ ಉಳಿದವು ತಡೆಯುತ್ತವೆ.

ಬೆಳಿಗ್ಗೆ ದೇವರ ಮನೆಯಲ್ಲಿ ಮಣೆಯ ಒಂದು ಬದಿಯನ್ನು ಗೋಡೆಗೆ ಒತ್ತಿ ಇಟ್ಟೆ. ಎದುರು ಬದಿ ಇಲ್ಲದ್ದರಿಂದ ಮೂಲೆಯೊಂದು ನಮ್ಮ ಕಡೆಗೆ ಚಾಚಿಕೊಂಡು ನಿಂತಿತು. ಅಮ್ಮ ಒಂದು ಕ್ಷಣ ನೋಡಿದರು. ಬಗ್ಗಿ ಎರಡು ಕೈಯಲ್ಲಿ ಹಿಡಿದು ತಿರುಗಿಸಿದರು. ಮೂಲೆ ದೇವರ ಕಡೆಗೆ ಹೋಯಿತು, ಬದಿ ನಮ್ಮ ಕಡೆಗೆ ಬಂತು. ಗೋಡೆಗೂ ಮಣೆಗೂ ನಡುವೆ ಎರಡೂ ಕಡೆ ಸಂದು ಉಳಿಯಿತು.

"ಅಲ್ಲಿ ಹೂವು ಇಡ್ತೀನಿ ಬಿಡು" ಅಂದು ಎಣ್ಣೆಯ ಗಿಂಡಿ ಕೇಳಿದರು.